ಪುಟ್ಟ ಯಾಕೆ ಬಿಟ್ಟು ಹೋಗಲ್ಲ?

ಅಕ್ಕನ ಮಗಳು ನ್ಯೂಜೆರ್ಸಿಯಲ್ಲಿ ಹುಟ್ಟಿ ಬೆಳೆದವಳು. ಕನ್ನಡ ಮಾತಾಡುತ್ತಾಳೆ, ಓದಲು ಬಾರದು. ಅವಳ ಕಾಲೇಜಿನ ಒಂದು ಕೋರ್ಸಿಗೆ ಅನಂತಮೂರ್ತಿಯವರ ‘ಸಂಸ್ಕಾರ’ ಪಠ್ಯ. ಎ. ಕೆ. ರಾಮಾನುಜನ್ ಮಾಡಿದ ಅನುವಾದ, 1976ರದ್ದು. ಭಾನುವಾರ ಬೆಳಿಗ್ಗೆ ನಾನು ದೋಸೆ ಹುಯ್ಯುತ್ತಿದ್ದಾಗ ವಿಡಿಯೋ ಕಾಲ್ ಬಂತು. ಅಲ್ಲಿನ್ನೂ ಶನಿವಾರ ರಾತ್ರಿ. ಸೋಮವಾರ ಕ್ಲಾಸಿನಲ್ಲಿ ಈ ಕಾದಂಬರಿಯ ಬಗ್ಗೆ ಮಾತಾಡಬೇಕಂತೆ.

ಮಡಿ, ಮೈಲಿಗೆ, ಸೂತಕ ಎಲ್ಲ ಬಿಡಿಸಿ ಹೇಳಲು ಒಲೆ ಆರಿಸಿ ಕೂತೆ. ಸತ್ತ ನಾರಣಪ್ಪನ ಹೆಣ ಎತ್ತುವ ತನಕ ಅಗ್ರಹಾರದಲ್ಲಿ ಯಾಕೆ ಯಾರೂ ಉಣ್ಣುವಂತಿಲ್ಲ, ಅವನ ಜೊತೆಗಿದ್ದ ಚಂದ್ರಿ ಸಂಸ್ಕಾರದ ಖರ್ಚಿಗೆಂದು ಒಡವೆ ಬಿಚ್ಚಿಟ್ಟ ಮೇಲೆ ದೂರ್ವಾಸಪುರದ ಬ್ರಾಹ್ಮಣರ ಬಾಯಲ್ಲಿ ಹೇಗೆ ನೀರೂರಿತು, ಅವಳಿಗೆ ಎಲ್ಲ ಗೊತ್ತಿತ್ತು. ಪುಸ್ತಕದ ಹಿಂಬದಿಯ ಟಿಪ್ಪಣಿ, ಹಿನ್ನುಡಿ ಓದಿಕೊಂಡಿದ್ದಳು. ಅವಳ ಪ್ರಶ್ನೆಯೇ ಬೇರೆ: “ಮಾಮ, ಈ ಪುಟ್ಟ ಯಾಕೆ ಆಚಾರ್ಯರನ್ನ ಬಿಟ್ಟು ಹೋಗಲ್ಲ?”

ಒಳ್ಳೆಯ ಪ್ರಶ್ನೆ. ನನ್ನ ಹಳೇ ಪ್ರತಿ ಹುಡುಕಿ ತಂದೆ. ತೀರಿಕೊಂಡ ಹೆಂಡತಿಯ ದಹನ ಮುಗಿಸಿ ಗೊತ್ತುಗುರಿಯಿಲ್ಲದೆ ನಡೆದ ಪ್ರಾಣೇಶಾಚಾರ್ಯರಿಗೆ ದಾರಿಯಲ್ಲಿ ಮಾಲೇರ ಜಾತಿಯ ಪುಟ್ಟ ಅಂಟಿಕೊಳ್ಳುತ್ತಾನಲ್ಲ, ಅಲ್ಲಿಂದ ಮೇಳಿಗೆ ಜಾತ್ರೆಯ ತನಕ ಇಬ್ಬರೂ ಜೊತೆಗೆ ಓದಿದೆವು. ನಾನು ಒಂದು ಪ್ಯಾರಾ ಕನ್ನಡದಲ್ಲಿ ಗಟ್ಟಿಯಾಗಿ, ಅವಳು ಅದನ್ನೇ ಇಂಗ್ಲಿಷಿನಲ್ಲಿ. ಪುಟ್ಟ ಒಗಟು ಹಾಕುತ್ತಾನೆ, ಕಾಫಿಗೆ ಎಳೆಯುತ್ತಾನೆ, ಕೋಳಿ ಅಂಕದ ಮುಂದೆ ಮೈಮರೆತು ನಿಲ್ಲುತ್ತಾನೆ. ಅವಳಿಗೆ ಅಲ್ಲೆಲ್ಲ ನಗು. ನನಗೂ. ಕ್ಲಾಸಿನಲ್ಲಿ ಒಬ್ಬರೂ ನಕ್ಕಿರಲಿಲ್ಲವಂತೆ, ಧರ್ಮಸಂಕಟದ ಕಾದಂಬರಿ ನೋಡಿ ಎಂದಳು.

ಸಾಮಾನ್ಯವಾಗಿ ಮೇಷ್ಟ್ರಾದ ಅನುವಾದಕರಿಗೆ ಇಂಥ ಕಡೆ ಕೈ ತಡೆಯುವುದಿಲ್ಲ. ಮಾಲೇರ ಎಂದರೆ ಯಾರು ಎಂದು ಪುಟ್ಟನ ಬಾಯಲ್ಲೇ ಪಾಠ ಮಾಡಿಸಿಬಿಡುತ್ತಾರೆ. ರಾಮಾನುಜನ್ ಷಿಕಾಗೋದಲ್ಲಿ ಪ್ರೊಫೆಸರು, ಆದರೂ ಪಾಂಡಿತ್ಯವನ್ನೆಲ್ಲ ಪುಸ್ತಕದ ಕೊನೆಗೆ ಕೂರಿಸಿ ಪುಟ್ಟನನ್ನು ಹರಟಲು ಬಿಟ್ಟಿದ್ದಾರೆ. ಆ ಹರಟೆಯ ಕಿವಿ ಅವರಿಗೆ ಷಿಕಾಗೋದಲ್ಲಿ ಬಂದದ್ದಲ್ಲ. ಐವತ್ತರ ದಶಕದಲ್ಲಿ ಬೆಳಗಾವಿಯಲ್ಲಿ ಇಂಗ್ಲಿಷ್ ಪಾಠ ಹೇಳುತ್ತಲೇ ಜನರ ಬಾಯಿಂದ ಕಥೆ ಕೇಳಿ ಬರೆದುಕೊಂಡವರು, 1955ರಲ್ಲೇ ಕನ್ನಡದಲ್ಲಿ ಗಾದೆಗಳ ಪುಸ್ತಕ ತಂದವರು. ಒಗಟು ಹಾಕುವವನನ್ನು ಅವರು ಎಲ್ಲೇ ಕಂಡರೂ ಗುರುತು ಹಿಡಿಯುತ್ತಿದ್ದರು.

ಅವರ ವಚನಾನುವಾದದ ಮೇಲೆ ತಕರಾರಿದೆ, ಅದನ್ನೂ ಹೇಳಿದೆ. 1973ರ ಆ ಪುಸ್ತಕದಲ್ಲಿ, ‘ಸ್ಪೀಕಿಂಗ್ ಆಫ್ ಶಿವ’ದಲ್ಲಿ, ಅಲ್ಲಮ ಪಶ್ಚಿಮದ ಓದುಗರಿಗೆ ತೀರಾ ಒಗ್ಗುವ ಕವಿಯಾಗಿಬಿಟ್ಟ ಎಂಬ ಧಾಟಿಯಲ್ಲಿ ವಿಮರ್ಶಕಿ ತೇಜಸ್ವಿನಿ ನಿರಂಜನ 1992ರಲ್ಲಿ ಬರೆದರು. ಅದರಲ್ಲಿ ಹುರುಳಿದೆ. ಪುಟ್ಟನ ವಿಷಯದಲ್ಲಿ ಮಾತ್ರ ನಾನು ರಾಮಾನುಜನ್ ಪಕ್ಷ.

ಅಕ್ಕನ ಮಗಳನ್ನು ಹಿಡಿದಿಟ್ಟದ್ದು ಇನ್ನೊಂದು ಸಂಗತಿ. ಮೈಸೂರಿನ ತಮಿಳು ಮನೆಯಲ್ಲಿ ಹುಟ್ಟಿದ ಈ ಮನುಷ್ಯ ಸಂಗಂ ಪದ್ಯಗಳ, ಅಂದರೆ ಪ್ರಾಚೀನ ತಮಿಳು ಕವಿತೆಗಳ, ಸಂಕಲನವನ್ನು ಕಂಡದ್ದು 1962ರಲ್ಲಿ, ಷಿಕಾಗೋದ ಹಾರ್ಪರ್ ಲೈಬ್ರರಿಯ ನೆಲಮಾಳಿಗೆಯಲ್ಲಿ, ಹಳೆಗಾಲದ ತಮಿಳಿನ ವ್ಯಾಕರಣ ಹುಡುಕುತ್ತಿದ್ದಾಗ. “ಅಂದರೆ ಅವರಿಗೂ ಮನೆಯಲ್ಲಿ ಸಿಗಲಿಲ್ಲ” ಎಂದಳು. ಸ್ವಲ್ಪ ಹೊತ್ತು ಫೋನನ್ನು ಮೇಜಿನ ಮೇಲಿಟ್ಟು ಏನೋ ಬರೆದುಕೊಂಡಳು, ನನಗೆ ಅವಳ ಮನೆಯ ಸೀಲಿಂಗ್ ಫ್ಯಾನ್ ಮಾತ್ರ ಕಾಣುತ್ತಿತ್ತು.

ಪುಟ್ಟನ ಪ್ರಶ್ನೆಗೆ ಉತ್ತರ? ಆಚಾರ್ಯರು ಯಾರು, ಎಲ್ಲಿಯವರು ಎಂಬುದನ್ನು ಮುಚ್ಚಿಟ್ಟಷ್ಟೂ ಅವನ ಕುತೂಹಲ ಹೆಚ್ಚುತ್ತದೆ ಎಂದು ನಾನು. ಅವನಿಗೆ ಒಬ್ಬನೇ ನಡೆಯಲು ಬೇಜಾರು, ಅಷ್ಟೇ ಎಂದು ಅವಳು. ಅವಳದ್ದೇ ಸರಿ ಎನಿಸುತ್ತದೆ.

ಫೋನಿಡುವಾಗ ಕೇಳಿದಳು, ರಾಮಾನುಜನ್ ಸ್ವಂತ ಕಾದಂಬರಿ ಬರೆದಿಲ್ಲವಾ ಅಂತ. ಬರೆದಿದ್ದಾರೆ, ‘ಮತ್ತೊಬ್ಬನ ಆತ್ಮಚರಿತ್ರೆ’, 1978ರದ್ದು. ಅದೂ ಷಿಕಾಗೋದ ದಿನಗಳಲ್ಲಿ, ಕನ್ನಡದಲ್ಲೇ. ಊರವರನ್ನೆಲ್ಲ ಇಂಗ್ಲಿಷಿಗೆ ದಾಟಿಸಿದವರ ಈ ಕಾದಂಬರಿ ಇಂಗ್ಲಿಷಿಗೆ ಬಂದದ್ದು ಅವರು ತೀರಿಕೊಂಡ ಎಷ್ಟೋ ವರ್ಷದ ಮೇಲೆ, 2006ರಲ್ಲಿ, ಬೇರೆಯವರ ಕೈಯಿಂದ. ಆ ಪುಸ್ತಕ ಅವಳಿಗೆ ಬೇಡವಂತೆ, ಕನ್ನಡದ್ದನ್ನು ನಾನೇ ಓದಿ ಹೇಳಬೇಕಂತೆ. ಈಗ ಭಾನುವಾರ ಬೆಳಿಗ್ಗೆ ದೋಸೆ ಹುಯ್ಯುವ ಕೆಲಸ ನನ್ನ ಹೆಂಡತಿಯದು, ಅವಳಿಗೆ ಈ ಏರ್ಪಾಡು ಸುತರಾಂ ಒಪ್ಪಿಗೆಯಿಲ್ಲ.