ಡಾಫ್ನಿಯಾ ಅಂದ್ರೆ ಎಂತ ಟೀಚರ್?

ಮಣಿಪಾಲದಿಂದ ಸ್ವಲ್ಪ ಕೆಳಗೆ ಪರ್ಕಳದಲ್ಲಿ ನಮ್ಮ ಮನೆ. ಹಿತ್ತಲಲ್ಲಿ ತೆಂಗಿನ ಬುಡಕ್ಕೆ ತಾಗಿ ಎರಡು ನೀಲಿ ಟಬ್ಬುಗಳಿವೆ. ನೀರು ಪಾಚಿ ಹಸಿರು. ಅದರಲ್ಲಿ ಸಾಸಿವೆಗಿಂತ ಸಣ್ಣ ಚುಕ್ಕಿಗಳು ದಿನವಿಡೀ ಕುಪ್ಪಳಿಸುತ್ತಿರುತ್ತವೆ. ಮನೆಗೆ ಬಂದವರು ಬಾವಿಕಟ್ಟೆಯ ಹತ್ತಿರ ಕಾಲು ತೊಳೆಯುವಾಗ ಬಗ್ಗಿ ನೋಡಿ ಕೇಳುತ್ತಾರೆ: "ಎಂತ ಇದು?" ಡಾಫ್ನಿಯಾ ಅನ್ನುತ್ತೇನೆ. "ಡಾಫ್ನಿಯಾ ಅಂದ್ರೆ?" ಅಲ್ಲಿಂದ ಶುರು. ಪಿಯುಸಿ ಮಕ್ಕಳಿಗೆ ಜೀವಶಾಸ್ತ್ರ ಹೇಳುವವಳಾದ್ದರಿಂದ ಕ್ಲಾಸಿನಲ್ಲೂ ಅದೇ ಪ್ರಶ್ನೆ, ಅಕ್ವೇರಿಯಂ ಇಟ್ಟುಕೊಂಡ ಪರಿಚಯದವರಿಂದ ಫೋನಿನಲ್ಲೂ ಅದೇ ಪ್ರಶ್ನೆ. ಕೊನೆಗೆ ಒಂದು ಬಾಲ ಇದ್ದೇ ಇರುತ್ತದೆ: "ಕನ್ನಡದಲ್ಲಿ ಎಂತ ಹೇಳುದು ಅದಕ್ಕೆ?"

ಪ್ರತಿ ಸಲ ನಿಂತಲ್ಲೇ ಅರ್ಧ ಹೇಳಿ ಬಿಡುತ್ತಿದ್ದೆ. ಇಲ್ಲಿ ಪೂರ್ತಿ ಬರೆದಿಡುತ್ತೇನೆ. ಮುಂದೆ ಕೇಳಿದವರಿಗೆ ಇದನ್ನೇ ಕಳುಹಿಸಬಹುದು.

ಮೊದಲು ಅದು ಏನೆಂದು ಹೇಳಿಬಿಡುವೆ. ಸಿಹಿನೀರಿನಲ್ಲಿ ಬದುಕುವ ಸಣ್ಣ ಚಿಪ್ಪುಜೀವಿ. ನಮ್ಮ ಎಟ್ಟಿ, ಡೆಂಜಿಗಳ ದೂರದ ನೆಂಟ. ಗಟ್ಟದ ಮೇಲಿನವರಿಗಾಗಿ: ಎಟ್ಟಿ ಅಂದರೆ ತುಳುವಿನಲ್ಲಿ ಸಿಗಡಿ, ಡೆಂಜಿ ಅಂದರೆ ಏಡಿ. ಹೆಚ್ಚಿನ ಡಾಫ್ನಿಯಾಗಳು ಒಂದೆರಡು ಮಿಲಿಮೀಟರ್ ಅಷ್ಟೇ, ದೊಡ್ಡ ಜಾತಿಯದು 5 ಮಿಲಿಮೀಟರ್‌ವರೆಗೆ ಬೆಳೆಯುತ್ತದೆ. ಮೈಯೆಲ್ಲ ಗಾಜು.

ಗಾಜು ಎಂದದ್ದು ಅಲಂಕಾರಕ್ಕಲ್ಲ. ಡ್ರಾಪರಿನಲ್ಲಿ ಒಂದನ್ನು ಎಳೆದು ಸ್ಲೈಡಿನ ಮೇಲೆ ಬಿಡಿ. ಸುಮ್ಮನೆ ನಿಲ್ಲುವ ಪ್ರಾಣಿ ಅದಲ್ಲ, ಹಾಗಾಗಿ ನಾಲ್ಕು ಎಳೆ ಹತ್ತಿ ಹಾಕಿ, ಬಲೆಗೆ ಸಿಕ್ಕಂತೆ ನಿಲ್ಲುತ್ತದೆ. ಈಗ ಮೈಕ್ರೋಸ್ಕೋಪಿನಲ್ಲಿ ನೋಡಿದರೆ ಒಳಗಿನದೆಲ್ಲ ಹೊರಗೆ. ತಿಂದ ಪಾಚಿ ಹಸಿರು ದಾರದ ಹಾಗೆ ಹೊಟ್ಟೆಯಲ್ಲಿ ಬಾಗಿಕೊಂಡಿದೆ. ಬೆನ್ನಿನ ಕಡೆ ಹೃದಯ ಬಡಿಯುತ್ತಿದೆ, ಎಣಿಸಲು ಹೊರಟರೆ ಲೆಕ್ಕ ತಪ್ಪುವಷ್ಟು ವೇಗ. ಅದರ ಹಿಂದೆ ಒಂದು ಚೀಲ, ಚೀಲದಲ್ಲಿ ಮರಿಗಳು, ಆ ಮರಿಗಳಿಗೂ ಆಗಲೇ ಕಪ್ಪು ಕಣ್ಣಿನ ಚುಕ್ಕೆ. ತಲೆಯಲ್ಲಿ ಒಂದೇ ಒಂದು ದೊಡ್ಡ ಕಣ್ಣು, ಅದು ಅತ್ತಿತ್ತ ಅದುರುತ್ತಲೇ ಇರುತ್ತದೆ. ತಲೆಯ ಎರಡೂ ಬದಿಯಿಂದ ಕವಲೊಡೆದ ಎರಡು ಕೈ. ನಿಜಕ್ಕೂ ಅವು ಕೈಯಲ್ಲ, ಮೀಸೆಯಂಥ ಆಂಟೆನಾ. ಅದನ್ನು ಬೀಸಿ ಬೀಸಿಯೇ ಕುಪ್ಪಳಿಸುವುದು. ಮೊದಲ ಸಲ ನೋಡಿದ ಮಕ್ಕಳು ಒಂದು ನಿಮಿಷ ಮಾತಾಡುವುದಿಲ್ಲ. ಪಿಯುಸಿ ಕ್ಲಾಸಿನಲ್ಲಿ ಅದು ದೊಡ್ಡ ಸಂಗತಿ.

ಈ ಕುಪ್ಪಳಿಸುವ ಗುಣದಿಂದಲೇ ಇಂಗ್ಲಿಷಿನವರು ಇದನ್ನು ವಾಟರ್ ಫ್ಲೀ ಎಂದರು. ಕನ್ನಡಕ್ಕೆ ಇಳಿಸಿದರೆ ನೀರುಚಿಗಟ. ನಾನೂ ಒಂದು ಕಾಲದಲ್ಲಿ ಹಾಗೇ ಹೇಳುತ್ತಿದ್ದೆ. ಕನ್ನಡ ಪದ ಬಳಸಿದೆ ಎಂಬ ಹೆಮ್ಮೆ ಬೇರೆ. ಒಂದು ಮಳೆಗಾಲದಲ್ಲಿ ಪಕ್ಕದ ಮನೆಯ ಅಕ್ಕನಿಗೂ ಹಾಗೇ ಹೇಳಿದೆ. ನಾವು ಎರಡು ದಿನ ಊರಲ್ಲಿರಲಿಲ್ಲ. ಬಾವಿಗೆ ಹಾಕಲೆಂದು ತಂದ ಬ್ಲೀಚಿಂಗ್ ಪೌಡರಿನಲ್ಲಿ ಅವರು ಒಂದು ಮುಷ್ಟಿ ನನ್ನ ಟಬ್ಬಿಗೂ ಹಾಕಿದರು. ಬಂದು ನೋಡುವಾಗ ನೀರು ತಿಳಿಯಾಗಿತ್ತು, ತಳದಲ್ಲಿ ಬಿಳಿ ಹೊಟ್ಟಿನ ಹಾಗೆ ಒಂದು ಪದರ. "ಚಿಗಟ ಅಂದ್ರಲ್ಲ ಟೀಚರ್, ನಾಯಿಗೆ ಹಿಡಿದ್ರೆ ಎಂತ ಮಾಡುದು ಹೇಳಿ" ಅಂದರು. ಕೋಪ ಮಾಡಿಕೊಳ್ಳಲು ನನ್ನಲ್ಲಿ ಉತ್ತರ ಇರಲಿಲ್ಲ. ಚಿಗಟ ಎಂದವಳು ನಾನೇ. ಚಿಗಟ ಕೀಟ, ಆರು ಕಾಲಿನದು, ರಕ್ತ ಹೀರುವಂಥದು. ಡಾಫ್ನಿಯಾ ಕಚ್ಚುವುದಿಲ್ಲ, ತುರಿಸುವುದಿಲ್ಲ, ನೀರಿನ ಪಾಚಿ ಸೋಸಿ ತಿನ್ನುತ್ತದೆ. ಆ ದಿನದಿಂದ ನೀರುಚಿಗಟ ಎಂಬ ಪದವನ್ನು ನನ್ನ ಬಾಯಿಂದ ತೆಗೆದೆ.

ನಮ್ಮ ಅಜ್ಜಿ ಇದ್ದಿದ್ದರೆ ಸಮಸ್ಯೆಯೇ ಇರುತ್ತಿರಲಿಲ್ಲ. "ನೀರ್‌ಡ್ ಪುರಿ ಉಂಡು" ಎಂದು ಬಟ್ಟೆಯಲ್ಲಿ ಸೋಸಿ ಕೊಡಪಾನಕ್ಕೆ ತುಂಬುತ್ತಿದ್ದರು. ತುಳುವಿನ ಪುರಿ ಎಲ್ಲ ಹುಳಕ್ಕೂ ಆಗುತ್ತದೆ, ಕೂತು ಜಾತಿ ವಿಂಗಡಿಸುವ ಕೆಲಸ ಅದಕ್ಕಿಲ್ಲ.

ಈಗ ಹೆಸರಿಗೆ ಬರುವೆ. ನಿಜವಾದ ಪ್ರಶ್ನೆ ಅದೇ ತಾನೇ.

1669ರಲ್ಲಿ ಹಾಲೆಂಡಿನ ಯಾನ್ ಸ್ವಾಮರ್‌ಡಾಮ್ ಇದನ್ನು ವರ್ಣಿಸಿದ. ಅವನಿಟ್ಟ ಲ್ಯಾಟಿನ್ ಹೆಸರಿನ ಅರ್ಥ 'ಮರದಂತೆ ಕವಲೊಡೆದ ನೀರುಚಿಗಟ'. ಆ ಕವಲಿನ ಕೈ ನೋಡಿಯೇ ಮರ ಎಂದದ್ದು. 1758ರಲ್ಲಿ ಸ್ವೀಡನ್ನಿನ ಜೀವವಿಜ್ಞಾನಿ ಲಿನೀಯಸ್ ಇದನ್ನು ಕೀಟಗಳ ಸಾಲಿಗೆ ಸೇರಿಸಿ ಮೊನೋಕ್ಯುಲಸ್ ಪ್ಯುಲೆಕ್ಸ್ ಎಂದ. ಮೊನೋಕ್ಯುಲಸ್ ಅಂದರೆ ಒಕ್ಕಣ್ಣ, ಪ್ಯುಲೆಕ್ಸ್ ಅಂದರೆ ಮತ್ತೆ ಚಿಗಟ. 1785ರಲ್ಲಿ ಡೆನ್ಮಾರ್ಕಿನ ಒಟ್ಟೊ ಫ್ರೆಡ್ರಿಕ್ ಮ್ಯುಲರ್ ಇದಕ್ಕೆ ಡಾಫ್ನಿಯಾ ಎಂಬ ಕುಲನಾಮ ಕೊಟ್ಟ. ಮ್ಯುಲರನಿಗೆ ಗ್ರೀಕ್ ಪುರಾಣದ ಗೀಳು. ಕೆರೆನೀರಿನ ಇನ್ನೊಂದು ಸಣ್ಣ ಪ್ರಾಣಿಗೆ ಸೈಕ್ಲಾಪ್ಸ್ ಎಂಬ ರಾಕ್ಷಸನ ಹೆಸರು, ಮತ್ತೊಂದಕ್ಕೆ ಪ್ರೇಮದೇವತೆಯ ಸಿಪ್ರಿಸ್ ಎಂಬ ಹೆಸರು, ಇವೂ ಅವನವೇ.

ಡಾಫ್ನೆ ನದಿದೇವರ ಮಗಳು, ಜಲಕನ್ಯೆ. ಅಪೊಲೊ ದೇವ ಅವಳ ಬೆನ್ನು ಬಿದ್ದ. ಅವಳಿಗೆ ಅವನೂ ಬೇಡ, ಯಾವ ಗಂಡಸೂ ಬೇಡ. ಓಡಿದಳು. ಇನ್ನೇನು ಸಿಕ್ಕಿಬೀಳಬೇಕು ಎನ್ನುವಾಗ ಅಪ್ಪನನ್ನು ಕೂಗಿದಳು. ಅಲ್ಲೇ ಕಾಲು ಬೇರಾಯಿತು, ಮೈಗೆ ತೊಗಟೆ ಹತ್ತಿತು, ತೋಳುಗಳು ಕೊಂಬೆಯಾದವು. ಗ್ರೀಕ್‌ನಲ್ಲಿ ಡಾಫ್ನೆ ಎಂದರೆ ಆ ಮರದ ಹೆಸರೂ ಹೌದು, ಲಾರೆಲ್. ನಾವು ಪಲಾವಿಗೆ ಹಾಕುವ ದಾಲ್ಚಿನ್ನಿ, ಮಿಲ್ಕ್‌ಶೇಕ್ ಮಾಡುವ ಬೆಣ್ಣೆಹಣ್ಣು ಎಲ್ಲ ಅದೇ ಕುಟುಂಬದವು.

ಹಾಗಾದರೆ ಡಾಫ್ನಿಯಾದ ಅರ್ಥ ಇಷ್ಟು: ತೋಳು ಕೊಂಬೆಯಾದ ಜಲಕನ್ಯೆ. ಸ್ವಾಮರ್‌ಡಾಮನ ಮರವನ್ನೇ ಮ್ಯುಲರ್ ಚಿಗಟದಿಂದ ಬಿಡಿಸಿ ಹುಡುಗಿಗೆ ಕಟ್ಟಿದ ಎಂದು ನಾನು ಓದಿಕೊಳ್ಳುತ್ತೇನೆ. ಸ್ಲೈಡಿನ ಮೇಲೆ ಆ ಕೈಗಳನ್ನು ನೋಡಿದವರು ಯಾರೂ ಜಗಳಕ್ಕೆ ಬರಲಿಕ್ಕಿಲ್ಲ.

ಹೆಸರು ಇನ್ನೂ ಒಂದು ಕಡೆ ಸರಿಯಾಗಿ ಕೂರುತ್ತದೆ. ನನ್ನ ಟಬ್ಬಿನಲ್ಲಿ ಮಾಮೂಲಿ ದಿನಗಳಲ್ಲಿ ಇರುವುದೆಲ್ಲ ಹೆಣ್ಣು. ಗಂಡಿನ ಸಹವಾಸವಿಲ್ಲದೆ ತಾಯಿ ತನ್ನದೇ ನಕಲುಗಳನ್ನು ಹೆರುತ್ತಾಳೆ, ಆ ನಕಲುಗಳು ಹತ್ತು ದಿನದೊಳಗೆ ತಮ್ಮ ನಕಲು ಹೆರುತ್ತವೆ. ಟಬ್ಬು ಕಿಕ್ಕಿರಿದಾಗ, ಆಹಾರ ಕಡಿಮೆಯಾದಾಗ, ಒಟ್ಟಿನಲ್ಲಿ ಕಾಲ ಕೆಟ್ಟಾಗ ಮಾತ್ರ ಗಂಡು ಹುಟ್ಟುತ್ತದೆ. ಆಗ ಕೂಡಿ ಇಡುವ ಮೊಟ್ಟೆ ಬೇರೆಯೇ. ಎರಡು ಮೊಟ್ಟೆ, ಸುತ್ತ ಗಟ್ಟಿ ಕಪ್ಪು ಕವಚ, ಬೆನ್ನಿನ ಮೇಲೆ ಕುದುರೆಯ ಜೀನಿನ ಹಾಗೆ. ಅದರ ಶಾಸ್ತ್ರೀಯ ಹೆಸರು ಎಫಿಪಿಯಂ, ಅದಕ್ಕೂ ಗ್ರೀಕ್‌ನಲ್ಲಿ ಜೀನು ಎಂದೇ ಅರ್ಥ. ನೀರು ಬತ್ತಿದರೂ ಆ ಜೀನು ಮಣ್ಣಿನಲ್ಲಿ ವರ್ಷಗಟ್ಟಲೆ ಬಿದ್ದುಕೊಂಡಿರುತ್ತದೆ, ನೀರು ಬಂದಾಗ ಒಡೆಯುತ್ತದೆ.

ಇದನ್ನು ಹೇಳಿದ ವರ್ಷ ಕ್ಲಾಸಿನಲ್ಲಿ ಡಾಫ್ನಿ ಎಂಬ ಹುಡುಗಿಯೇ ಇದ್ದಳು. ನಮ್ಮ ಮಂಗಳೂರು, ಉಡುಪಿ ಕಡೆಯ ಕ್ರಿಶ್ಚಿಯನ್ ಮನೆಗಳಲ್ಲಿ ಆ ಹೆಸರು ಅಪರೂಪವೇನಲ್ಲ. ಹಿಂದಿನ ಬೆಂಚಿನವರು ಅದಾಗಲೇ ಅವಳನ್ನು ಚಿಗಟ ಎಂದು ಕರೆಯಲು ಶುರುಮಾಡಿದ್ದರು. ಪಾಠ ಮುಗಿದ ಮೇಲೆ ಬಂದು, "ಮಿಸ್, ಅದಕ್ಕೆ ನನ್ನ ಹೆಸರು ಇಟ್ಟದ್ದಾ, ನಂಗೆ ಅದರ ಹೆಸರು ಇಟ್ಟದ್ದಾ?" ಎಂದು ಕೇಳಿದಳು. ಇಬ್ಬರಿಗೂ ಒಂದೇ ಕಡೆಯಿಂದ ಬಂದದ್ದು, ಅದಕ್ಕಿಂತ ನಿನ್ನದು ಹಳೆಯದು ಎಂದೆ. ಅವಳಿಗೆ ಅಷ್ಟು ಸಾಕಾಯಿತು.

ಲಾರೆಲ್ಲಿನ ಇನ್ನೊಂದು ಕೊಂಬೆ ಇದೆ, ಹೇಳದೆ ಬಿಡಲಾರೆ. ಮರವಾದ ಡಾಫ್ನೆಯ ಎಲೆಗಳನ್ನೇ ಅಪೊಲೊ ಕಿರೀಟ ಮಾಡಿಕೊಂಡ. ಗೆದ್ದವರಿಗೆ ಲಾರೆಲ್ ಎಲೆ ತೊಡಿಸುವ ಪದ್ಧತಿಯಿಂದಲೇ ನೊಬೆಲ್ ಲಾರಿಯೇಟ್ ಎನ್ನುವಾಗಿನ ಲಾರಿಯೇಟ್ ಬಂದದ್ದು. ಈಗ ನೋಡಿ. 1884ರಲ್ಲಿ ರಷ್ಯಾದ ಇಲ್ಯಾ ಮೆಚ್ನಿಕಾಫ್ ಡಾಫ್ನಿಯಾದ ಗಾಜಿನ ಮೈಯೊಳಗೆ ಒಂದು ಜಾತಿಯ ಯೀಸ್ಟ್ ರೋಗ ಹೊಕ್ಕಿದ್ದನ್ನೂ, ಅದರ ರಕ್ತಕಣಗಳು ಮುತ್ತಿಗೆ ಹಾಕಿ ಆ ಯೀಸ್ಟನ್ನು ನುಂಗುವುದನ್ನೂ ಕಣ್ಣಾರೆ ಕಂಡು ಬರೆದ. ಮೈಗೆ ಹೊಕ್ಕ ರೋಗವನ್ನು ಮೈಯ ಕಣಗಳೇ ತಿಂದು ಹಾಕುತ್ತವೆ ಎಂಬ ಅವನ ವಾದಕ್ಕೆ ಅದು ದೊಡ್ಡ ಸಾಕ್ಷಿ. 1908ರಲ್ಲಿ ನೊಬೆಲ್ ಬಂತು, ಪಾಲ್ ಎರ್ಲಿಕ್ ಜೊತೆಗೆ. ಡಾಫ್ನೆಯ ಎಲೆಯ ಬಿರುದು ಡಾಫ್ನಿಯಾ ನೋಡಿದವನಿಗೆ!

ಇನ್ನು ಗೊಂದಲದ ವಿಷಯ. ಒಕ್ಕಣ್ಣು ಕಂಡ ಕೂಡಲೇ ಹಲವರು ಇದನ್ನು ಸೈಕ್ಲಾಪ್ಸ್ ಅನ್ನುತ್ತಾರೆ. ಅದು ಬೇರೆ. ಸೈಕ್ಲಾಪ್ಸ್ ಉದ್ದುದ್ದ, ಪೇರಳೆಹಣ್ಣಿನ ಆಕಾರ, ಹೆಣ್ಣಾದರೆ ಬಾಲದ ಎರಡು ಪಕ್ಕ ಮೊಟ್ಟೆಯ ಗಂಟು ಜೋತಿರುತ್ತದೆ. ಅದಕ್ಕೆ ಕನ್ನಡದ ಹೆಸರು ಕೇಳಿದರೆ ನಾನು ಶುಕ್ರಾಚಾರ್ಯ ಎನ್ನುತ್ತೇನೆ. ತಮಾಷೆಗಲ್ಲ. ದೀಪಾವಳಿಗೆ ಗದ್ದೆಯಲ್ಲಿ ಬಲೀಂದ್ರನನ್ನು ಕರೆಯುವ ನಮಗೆ ಆ ಕಥೆ ಬಿಡಿಸಿ ಹೇಳಬೇಕಾಗಿಲ್ಲ. ಬಲಿ ಧಾರೆ ಎರೆಯುವಾಗ ಶುಕ್ರಾಚಾರ್ಯ ಹುಳದಷ್ಟು ಸಣ್ಣವನಾಗಿ ಗಿಂಡಿಯ ಮೂತಿಯಲ್ಲಿ ಕೂತ, ವಾಮನ ದರ್ಭೆಯಲ್ಲಿ ಚುಚ್ಚಿದ, ಒಂದು ಕಣ್ಣು ಹೋಯಿತು. ಪಾತ್ರೆಯ ನೀರಿನಲ್ಲಿ ಕಣ್ಣಿಗೆ ಕಂಡೂ ಕಾಣದಷ್ಟು ಸಣ್ಣ ಒಕ್ಕಣ್ಣ. ಇದಕ್ಕಿಂತ ಒಳ್ಳೆಯ ಹೆಸರು ಮ್ಯುಲರನಿಗೂ ಹೊಳೆದಿಲ್ಲ.

ಈ ಇಬ್ಬರನ್ನು ಬೇರೆ ಮಾಡಲೇಬೇಕಾದ ಕಾರಣವೂ ಇದೆ. ನಾರುಹುಣ್ಣಿನ ಹುಳದ ಮರಿ ಇರುವುದು ಸೈಕ್ಲಾಪ್ಸ್‌ನ ಹೊಟ್ಟೆಯಲ್ಲಿ. ಮೆಟ್ಟಿಲು ಬಾವಿಯ ನೀರನ್ನು ಸೋಸದೆ ಕುಡಿದವರ ಕಾಲಿನಿಂದ ವರ್ಷದ ಮೇಲೆ ದಾರದಂಥ ಉದ್ದ ಹುಳ ಹೊರಬರುತ್ತಿತ್ತು. ಕರ್ನಾಟಕವೂ ಆ ರೋಗ ಇದ್ದ ರಾಜ್ಯಗಳಲ್ಲಿ ಒಂದು. ದೇಶದ ಕೊನೆಯ ರೋಗಿ ಸಿಕ್ಕಿದ್ದು 1996ರಲ್ಲಿ, ಭಾರತ ಮುಕ್ತವಾಯಿತೆಂದು ವಿಶ್ವ ಆರೋಗ್ಯ ಸಂಸ್ಥೆ ಸಾರಿದ್ದು 2000ದಲ್ಲಿ. ಅಜ್ಜಿಯ ಸೋಸುವ ಬಟ್ಟೆಯೂ ಆ ಹೋರಾಟದ ಒಂದು ಆಯುಧವೇ. ಡಾಫ್ನಿಯಾ ಆ ಹುಳವನ್ನು ಹೊರುವುದಿಲ್ಲ. ಅದರ ತಪ್ಪನ್ನು ಇದರ ತಲೆಗೆ ಕಟ್ಟಬೇಡಿ.

ಬಳಕೆಯ ಬಗ್ಗೆ ಎರಡು ಮಾತು. ಡಾಫ್ನಿಯಾ, ಡ್ಯಾಫ್ನಿಯಾ ಎರಡೂ ಕೇಳುತ್ತೇವೆ, ನಾನು ಗ್ರೀಕಿಗೆ ಹತ್ತಿರದ ಮೊದಲನೆಯದನ್ನು ಬರೆಯುತ್ತೇನೆ. ಅಕ್ವೇರಿಯಂ ಮೀನಿಗೆ ಆಹಾರವೆಂದು ಇದನ್ನು ಮಾರುವ ಅಂಗಡಿಯಲ್ಲಿ ಅದು ಅಕ್ಕಿ, ಉಪ್ಪಿನ ಹಾಗೆ. "ಒಂದು ಪ್ಯಾಕೆಟ್ ಡಾಫ್ನಿಯಾ ಕೊಡಿ" ಅನ್ನುತ್ತಾರೆ, 'ಗಳು' ಹಚ್ಚಿ ಯಾರೂ ಕೇಳುವುದಿಲ್ಲ. ಜಾತಿ ಹೇಳಬೇಕಾದಾಗ ಡಾಫ್ನಿಯಾ ಮ್ಯಾಗ್ನಾ, ಅಂದರೆ ದೊಡ್ಡದು. ಡಾಫ್ನಿಯಾ ಪ್ಯುಲೆಕ್ಸ್, ಅಂದರೆ ಬಾಗಿಲಿನಿಂದ ಓಡಿಸಿದ ಚಿಗಟ ಕಿಟಕಿಯಿಂದ ಒಳಗೆ. 2011ರಲ್ಲಿ ಪೂರ್ತಿ ಜೀನೋಮ್ ಓದಿ ಪ್ರಕಟಿಸಿದ್ದು ಈ ಪ್ಯುಲೆಕ್ಸ್‌ನದೇ. ಆಗಿನ ಎಣಿಕೆಯಲ್ಲಿ ಸುಮಾರು 31,000 ವಂಶವಾಹಿಗಳು, ಮನುಷ್ಯನಿಗಿಂತ ಹೆಚ್ಚು; ಆಮೇಲಿನ ಎಣಿಕೆಗಳಲ್ಲಿ ಅದು ಕಡಿಮೆಯಾಗಿದೆ.

ಮತ್ತೊಂದು ಗುಟ್ಟು. ನಮ್ಮ ಸೆಕೆಯ ಊರಿನಲ್ಲಿ ಡಾಫ್ನಿಯಾ ಎಂದು ಮಾರುವುದು ಎಷ್ಟೋ ಸಲ ಮೊಯಿನಾ. ಅದರ ತಂಗಿ ಎನ್ನಿ. ಇನ್ನೂ ಸಣ್ಣದು, ದುಂಡಗೆ, ಡಾಫ್ನಿಯಾಕ್ಕಿರುವ ಬಾಲದ ಮುಳ್ಳು ಅದಕ್ಕಿಲ್ಲ. ಮಂಗಳೂರಿನ ಮೀನುಗಾರಿಕಾ ಕಾಲೇಜಿನಲ್ಲಿ ಓದಿದವರು ಎರಡನ್ನೂ ಬಿಡಿಸಿ ಹೇಳುತ್ತಾರೆ, ಅಂಗಡಿಯವರಿಗೆ ಅದರ ದರ್ದಿಲ್ಲ, ಗಪ್ಪಿ ಮೀನಿಗಂತೂ ಇಲ್ಲವೇ ಇಲ್ಲ. ಒಮ್ಮೆ ಏಪ್ರಿಲ್‌ನಲ್ಲಿ ಪದವಿನ ಮೇಲೆ, ಅಂದರೆ ಗುಡ್ಡದ ಮೇಲಿನ ಬಯಲಿನಲ್ಲಿ, ಮುರಕಲ್ಲು (ಕೆಂಪುಕಲ್ಲು) ತೆಗೆದ ಹೊಂಡದ ತಳದಿಂದ ಒಂದು ಮುಷ್ಟಿ ಒಣಮಣ್ಣು ತಂದು ಬಾವಿನೀರಿನಲ್ಲಿ ನೆನೆಹಾಕಿದೆ. 1880ರ ದಶಕದಲ್ಲಿ ನಾರ್ವೆಯ ಸಾರ್ಸ್ ಎಂಬ ವಿಜ್ಞಾನಿ ಆಸ್ಟ್ರೇಲಿಯಾದಿಂದ ಬಂದ ಒಣಮಣ್ಣು ನೆನೆಸಿ ಹೊಸ ಜಾತಿಯ ಡಾಫ್ನಿಯಾವನ್ನೇ ಎಬ್ಬಿಸಿದ್ದ. ಮಣ್ಣು ಕಳುಹಿಸಿದ ಲುಮ್‌ಹೋಲ್ಟ್ಸ್‌ನ ಹೆಸರನ್ನೇ ಅದಕ್ಕೆ ಇಟ್ಟ. ನನಗೂ ಆಸೆ. ಒಂದು ವಾರದಲ್ಲಿ ಬಾಟಲಿಯಲ್ಲಿ ಚುಕ್ಕಿಗಳು ಎದ್ದವು. ಲೆನ್ಸ್ ಹಿಡಿದು ನೋಡಿದೆ, ಬಾಲದ ಮುಳ್ಳಿಲ್ಲ. ಮೊಯಿನಾ. ಆದರೂ ಅರ್ಧ ಗಂಟೆ ಅಲ್ಲೇ ಕೂತಿದ್ದೆ.

ಹಾಗಾಗಿ ಕನ್ನಡದಲ್ಲಿ ಎಂತ ಹೇಳುದು ಎಂದರೆ, ಡಾಫ್ನಿಯಾ ಎಂದೇ ಹೇಳಿ. ಬಸ್ಸು, ಬೆಂಚು, ಟಬ್ಬುಗಳಿಗೆ ಕೊಟ್ಟ ಜಾಗದಲ್ಲಿ ಇದಕ್ಕೂ ಒಂದು ಚೂರು ಸಿಗುತ್ತದೆ. ಪಕ್ಕದ ಮನೆಯ ಅಕ್ಕನ ಬಾಯಲ್ಲಿ ಆಗಲೇ ಅದು ಸವೆದು ನಯವಾಗಿದೆ. ಅವರ ಮೊಮ್ಮಗ ಈಗ ಗಪ್ಪಿ ಸಾಕುತ್ತಾನೆ. ನಿನ್ನೆ ಸಂಜೆ ಬೇಲಿಯಾಚೆಯಿಂದ ಕೂಗಿದರು: "ಟೀಚರ್, ನಿಮ್ಮ ಡಾಫ್ನಿ ಒಂದು ಲೋಟ ಉಂಟಾ?"