ಜಿಇಡಿ ಪಾಸಾಗಿದ್ದಕ್ಕೆ ಅಧಿಕೃತ ದಾಖಲೆ ತರಿಸೋದು ಹೇಗೆ?

ಅಮೆರಿಕದಲ್ಲಿ ಹೈಸ್ಕೂಲ್ ಅರ್ಧಕ್ಕೆ ಬಿಟ್ಟವರು ಬರೆಯುವ ಜಿಇಡಿ ಪರೀಕ್ಷೆಯ ವಿಷಯದಲ್ಲಿ ಮೊದಲು ನೆನಪು ಮಾಡಿಕೊಳ್ಳಬೇಕಾದ್ದು, ಯಾವ ರಾಜ್ಯದಲ್ಲಿ, ಯಾವ ವರ್ಷ ಬರೆದದ್ದು ಅನ್ನೋದು. ಟೆಕ್ಸಾಸ್‌ನಲ್ಲಿ ಪಾಸಾಗಿ ಈಗ ಕ್ಯಾಲಿಫೋರ್ನಿಯಾದಲ್ಲಿದ್ದರೂ ದಾಖಲೆ ಕೇಳಬೇಕಾದ್ದು ಟೆಕ್ಸಾಸನ್ನೇ.

2014 ಅಥವಾ ಆಮೇಲೆ ಬರೆದವರು ಸಾಮಾನ್ಯವಾಗಿ ಪರೀಕ್ಷೆಗೆ ನೋಂದಾಯಿಸಿದ ಅದೇ ಜಿಇಡಿ ಖಾತೆಯಿಂದ ಶುರುಮಾಡಬಹುದು. ಅದಕ್ಕೂ ಹಿಂದಿನವರು ಆ ರಾಜ್ಯದ ಶಿಕ್ಷಣ ಇಲಾಖೆಯ ವೆಬ್‌ಸೈಟ್ ನೋಡಬೇಕು. ಕೆಲವು ರಾಜ್ಯಗಳು ಈ ಕೆಲಸವನ್ನು ಖಾಸಗಿ ಸಂಸ್ಥೆಗೆ ವಹಿಸಿವೆ.

‘ದಾಖಲೆ ಸಿಗಲಿಲ್ಲ’ ಅಂತ ಬಂದರೆ ಗಾಬರಿ ಬೇಡ. ಬಹಳ ಸಲ ತಪ್ಪಿರೋದು ಹೆಸರಿನಲ್ಲಿ. ಮದುವೆಯಾಗಿ ಸರ್‌ನೇಮ್ ಬದಲಾಗಿದ್ದರೆ ಪರೀಕ್ಷೆ ಬರೆದಾಗಿನ ಹೆಸರನ್ನೇ ಹಾಕಿ ಹುಡುಕಿ.

ಇನ್ನೊಂದು: ಗೋಡೆಗೆ ಹಾಕುವ ಡಿಪ್ಲೊಮಾ ಬೇರೆ, ಅಂಕಗಳಿರುವ ಟ್ರಾನ್ಸ್‌ಕ್ರಿಪ್ಟ್ ಬೇರೆ. ಕಾಲೇಜುಗಳು ಕೇಳೋದು ಹೆಚ್ಚಾಗಿ ಎರಡನೆಯದನ್ನು, ಅದೂ ನೇರವಾಗಿ ಅವರಿಗೇ ಕಳಿಸಿದ್ದನ್ನು. ಅಂಕಪುಟದ ಸ್ಕ್ರೀನ್‌ಶಾಟ್ ಕಳಿಸಿ ಕಾಯುತ್ತಾ ಕೂರಬೇಡಿ. ಈಗಿನ ಟ್ರಾನ್ಸ್‌ಕ್ರಿಪ್ಟ್‌ನಲ್ಲಿ ಗಣಿತ, ಭಾಷೆ, ವಿಜ್ಞಾನ, ಸಮಾಜ ಅಂತ ನಾಲ್ಕು ವಿಷಯ. ಪಾಸಾಗಲು ಪ್ರತಿಯೊಂದರಲ್ಲೂ 145 ಇರಬೇಕು.

ಬರೆದದ್ದು ಹೈಸೆಟ್ ಆಗಿದ್ದರೆ ಜಿಇಡಿ ಖಾತೆಯಲ್ಲಿ ಹುಡುಕಿ ಪ್ರಯೋಜನವಿಲ್ಲ, ಅದು ಹೈಸ್ಕೂಲ್ ಬಿಟ್ಟವರಿಗೇ ಇರುವ ಇನ್ನೊಂದು ಬೇರೆ ಪರೀಕ್ಷೆ.