ಕಾಗಬೇನಿಯ ಹೊಳೆಯಲ್ಲಿ ಸಾಲಿಗ್ರಾಮ: ಮುಕ್ತಿನಾಥಕ್ಕೆ ಹೊರಡುವವರಿಗೆ

ನಮ್ಮ ಮನೆಯ ದೇವರ ಪೆಟ್ಟಿಗೆಯಲ್ಲಿ ನೇರಳೆ ಹಣ್ಣಿಗಿಂತ ತುಸು ದೊಡ್ಡದಾದ ಒಂದು ಸಾಲಿಗ್ರಾಮವಿದೆ. ಅಜ್ಜ ದಿನವೂ ಅದನ್ನು ತಾಮ್ರದ ಹರಿವಾಣದಲ್ಲಿಟ್ಟು ಅಭಿಷೇಕ ಮಾಡಿ, ತುಳಸಿ ಏರಿಸಿ, ಆ ನೀರನ್ನೇ ತೀರ್ಥವಾಗಿ ನಮ್ಮ ಅಂಗೈಗೆ ಹಾಕುತ್ತಿದ್ದರು. ಕಲ್ಲಿನ ಸಣ್ಣ ರಂಧ್ರದೊಳಗೆ ಕಾಣುವ ಸುರುಳಿಯನ್ನು ವಜ್ರಕೀಟ ಕೊರೆದದ್ದೆಂದು ಅವರು ಹೇಳುತ್ತಿದ್ದರು. ಭೂವಿಜ್ಞಾನದ ಪ್ರಕಾರ ಅದು ಅಮೋನೈಟ್ ಎಂಬ ಕಡಲಜೀವಿಯ ಚಿಪ್ಪಿನ ಅಚ್ಚು. ಇಂದು ಹಿಮಾಲಯವಿರುವ ಜಾಗದಲ್ಲಿ ಟೆಥಿಸ್ ಸಮುದ್ರವಿದ್ದಾಗ, ಸುಮಾರು 14ರಿಂದ 16 ಕೋಟಿ ವರ್ಷಗಳ ಹಿಂದೆ, ಅದರ ತಳದ ಕೆಸರಿನಲ್ಲಿ ಹೂತುಹೋದ ಚಿಪ್ಪಿನ ಸುತ್ತ ಖನಿಜಗಳು ಕಟ್ಟಿಕೊಂಡು ಈ ಕಪ್ಪು ಗುಂಡುಗಳಾದವು. ಆ ಕಾಲವನ್ನು ಕಲ್ಲು ಹೇಗೆ ಹಿಡಿದಿಟ್ಟುಕೊಂಡಿದೆಯೆಂಬ ಕುತೂಹಲ ಚಿಕ್ಕಂದಿನಿಂದಲೂ ನನ್ನಲ್ಲಿತ್ತು. ಅದು ಹುಟ್ಟುವ ಜಾಗವನ್ನು ನೋಡಬೇಕೆಂದೇ ಅಮ್ಮನನ್ನು ಕರೆದುಕೊಂಡು ಅಕ್ಟೋಬರ್ ತಿಂಗಳಲ್ಲಿ ನೇಪಾಳದ ಕಾಳಿ ಗಂಡಕಿ ನದಿಯ ಕಣಿವೆಗೆ, ಅಲ್ಲಿನ ಕಾಗಬೇನಿ ಎಂಬ ಊರಿಗೆ ಮತ್ತು ಮುಕ್ತಿನಾಥ ಕ್ಷೇತ್ರಕ್ಕೆ ಹೋಗಿಬಂದೆ.

ಹೊರಡುವ ಮುನ್ನ ಗುರುತಿನ ಚೀಟಿಯ ವಿಷಯವನ್ನು ಸರಿಮಾಡಿಕೊಳ್ಳಿ. ಭಾರತೀಯರಿಗೆ ವೀಸಾ ಬೇಕಿಲ್ಲವಾದರೂ ವಿಮಾನದಲ್ಲಿ ಹೋಗುವವರು ಪಾಸ್‌ಪೋರ್ಟ್ ಅಥವಾ ಚುನಾವಣಾ ಆಯೋಗದ ಮತದಾರರ ಚೀಟಿಯನ್ನು ಒಯ್ಯಬೇಕು. ಆಧಾರ್ ಒಂದನ್ನೇ ನಂಬಿ ಹೋಗಬೇಡಿ. ಈ ಕಣಿವೆಯಿರುವ ಅನ್ನಪೂರ್ಣ ಸಂರಕ್ಷಣಾ ಪ್ರದೇಶದ ಪರವಾನಗಿಯನ್ನು ಪೋಖರಾ ನಗರದಲ್ಲೇ ಮಾಡಿಸಿಕೊಳ್ಳುವುದು ಒಳ್ಳೆಯದು. ಸಾರ್ಕ್ ದೇಶಗಳವರಿಗೆ ರಿಯಾಯಿತಿ ದರವಿದೆ. ಹಣವನ್ನೂ ಅಲ್ಲೇ ಬದಲಾಯಿಸಿಕೊಳ್ಳಿ, ನಮ್ಮ 100 ರೂಪಾಯಿಗೆ 160 ನೇಪಾಳಿ ರೂಪಾಯಿ. ಅಲ್ಲಿನ ಗಡಿಯಾರ ನಮ್ಮದಕ್ಕಿಂತ 15 ನಿಮಿಷ ಮುಂದಿರುವುದನ್ನು ಮರೆಯಬೇಡಿ. ಬೆಳಗಿನ ವಿಮಾನಕ್ಕೆ ಆ ಕಾಲು ಗಂಟೆ ದುಬಾರಿಯಾಗಬಹುದು.

ಪೋಖರಾದಿಂದ, ಕಣಿವೆಯ ವಿಮಾನ ನಿಲ್ದಾಣವಿರುವ ಜೋಮ್‌ಸೋಮ್‌ಗೆ ಸಣ್ಣ ವಿಮಾನದಲ್ಲಿ ಸುಮಾರು 20 ನಿಮಿಷದ ದಾರಿ. ಒಂದು ಬದಿಗೆ 8,167 ಮೀಟರ್ ಎತ್ತರದ ಧೌಲಾಗಿರಿ, ಇನ್ನೊಂದು ಬದಿಗೆ 8,091 ಮೀಟರ್ ಎತ್ತರದ ಅನ್ನಪೂರ್ಣ, ನಡುವೆ ಹೊಳೆ. ಬೆಟ್ಟಗಳು ಏಳುವುದಕ್ಕೂ ಮೊದಲೇ ಈ ನದಿ ಹರಿಯುತ್ತಿದ್ದು, ಅವು ಏಳುತ್ತಿದ್ದಂತೆ ಅವನ್ನೇ ಕೊರೆದುಕೊಂಡು ಬಂದಿದೆ. ಹೊತ್ತೇರಿದ ಮೇಲೆ ಕಣಿವೆಯಲ್ಲಿ ಗಾಳಿ ಜೋರಾಗುವುದರಿಂದ ವಿಮಾನಗಳು ಬೆಳಗಿನ ಹೊತ್ತಿನಲ್ಲೇ ಹಾರುತ್ತವೆ, ಮೋಡ ಮುಚ್ಚಿದರೆ ಹಾರುವುದೇ ಇಲ್ಲ. ಬೇನಿ, ತಾತೋಪಾನಿ ಮಾರ್ಗವಾಗಿ ಜೀಪಿನಲ್ಲಿ ಹೋದರೆ ಇಡೀ ದಿನ ಬೇಕು, ಮಳೆಗಾಲದಲ್ಲಿ ಗುಡ್ಡ ಕುಸಿಯುವ ಭಯವೂ ಇದೆ. ನಾವು ಹೋಗುವಾಗ ಜೀಪು ಹಿಡಿದೆವು.

ಎಲ್ಲರೂ ಮಾಡುವ ಒಂದು ತಪ್ಪನ್ನು ದಯವಿಟ್ಟು ಮಾಡಬೇಡಿ. ಪೋಖರಾ ಇರುವುದು 820 ಮೀಟರ್ ಎತ್ತರದಲ್ಲಿ, ಮುಕ್ತಿನಾಥ 3,700 ಮೀಟರ್‌ಗೂ ಮೇಲೆ. ಒಂದೇ ದಿನದಲ್ಲಿ ಅಷ್ಟು ಎತ್ತರ ಏರಿದರೆ ತಲೆನೋವು, ವಾಂತಿ, ಉಸಿರಾಟದ ತೊಂದರೆ ಬರಬಹುದು. ನಮ್ಮೊಡನೆ ಜೀಪಿನಲ್ಲಿದ್ದ ಒಂದು ಕುಟುಂಬ ಅವಸರದಲ್ಲಿ ಹಾಗೆಯೇ ಹೋಗಿ, ಹಿರಿಯರೊಬ್ಬರು ಸುಸ್ತಾಗಿ, ದರ್ಶನವಿಲ್ಲದೆ ಕೆಳಗಿಳಿಯಬೇಕಾಯಿತು. ಸುಮಾರು 2,800 ಮೀಟರ್ ಎತ್ತರದ ಕಾಗಬೇನಿಯಲ್ಲಿ ಕನಿಷ್ಠ ಒಂದು ರಾತ್ರಿ ಉಳಿಯಿರಿ. ಬಿ.ಪಿ., ಹೃದಯದ ತೊಂದರೆ ಇರುವವರು ಊರಿನಲ್ಲೇ ವೈದ್ಯರನ್ನು ಕೇಳಿ ಹೊರಡಬೇಕು.

ಕಾಗಬೇನಿಯಲ್ಲಿ ಉಳಿಯಬೇಕೆನ್ನುವುದಕ್ಕೆ ಆರೋಗ್ಯವೊಂದೇ ಕಾರಣವಲ್ಲ. ಝೋಂಗ್ ಖೋಲಾ ಎಂಬ ತೊರೆ ಕಾಳಿ ಗಂಡಕಿಯನ್ನು ಸೇರುವ ಈ ಸಂಗಮದಲ್ಲಿ ಜನ ಪಿತೃಗಳಿಗೆ ಪಿಂಡ ಬಿಡುತ್ತಾರೆ, ಅದರ ಪಕ್ಕದಲ್ಲೇ ಕಣ್ಣು ಹಾಯುವಷ್ಟು ದೂರ ಬೂದುಬಣ್ಣದ ಹೊಳೆಪಾತ್ರ ಹರಡಿಕೊಂಡಿದೆ. ಬೆಳಿಗ್ಗೆ ಆರೂವರೆಗೆ, ಗಾಳಿ ಏಳುವ ಮುನ್ನವೇ ಇಳಿಯಿರಿ. ಹತ್ತು ಗಂಟೆಯ ಮೇಲೆ ಮರಳು ಮುಖಕ್ಕೆ ರಾಚತೊಡಗಿ ಕಣ್ಣು ಬಿಡಲಾಗುವುದಿಲ್ಲ. ಗಟ್ಟಿ ಅಟ್ಟೆಯ ಬೂಟು, ಮೂಗು ಬಾಯಿ ಮುಚ್ಚುವ ಬಟ್ಟೆ, ಕಣ್ಣಿಗೆ ಕನ್ನಡಕ ಬೇಕೇಬೇಕು. ಬೂದು ಕಲ್ಲುಗಳ ನಡುವೆ ಅಚ್ಚ ಕಪ್ಪಾಗಿ ನುಣ್ಣಗೆ ದುಂಡಗಿರುವ ಕಲ್ಲನ್ನೇ ಹುಡುಕಬೇಕು, ನೀರಿನಂಚಿನಲ್ಲಿ ಒದ್ದೆಯಾದಾಗ ಅದು ಬೇಗ ಕಣ್ಣಿಗೆ ಬೀಳುತ್ತದೆ. ಮೊದಲ ಎರಡು ಗಂಟೆ ನಮಗೆ ಏನೂ ಸಿಗಲಿಲ್ಲ. ಆಮೇಲೆ ಅಮ್ಮ ಕುಳಿತಲ್ಲಿಂದಲೇ ಒಂದು ಕಲ್ಲನ್ನು ಎತ್ತಿ ಸೆರಗಿನಿಂದ ಒರೆಸಿದರು. ನಿಂಬೆಹಣ್ಣಿನಷ್ಟಿದ್ದ ಅದರ ಒಂದು ಬದಿ ಸವೆದು, ಒಳಗಿನ ಸುರುಳಿಯ ಏಣುಗಳು ಹೊರಗೆ ಕಾಣುತ್ತಿದ್ದವು, ಏಣುಗಳ ಸಂದಿನಲ್ಲಿ ಚಿನ್ನದ ಪುಡಿಯಂತೆ ಪೈರೈಟ್ ಎಂಬ ಖನಿಜ ಮಿನುಗುತ್ತಿತ್ತು. ಹಿಡಿದರೆ ಬೆರಳು ಮರಗಟ್ಟುವಷ್ಟು ತಣ್ಣಗಿದ್ದರೂ ಅಮ್ಮ ಅದನ್ನು ಬಹಳ ಹೊತ್ತು ಅಂಗೈಯಿಂದ ಇಳಿಸಲಿಲ್ಲ.

ದಾರಿಯುದ್ದಕ್ಕೂ ಸಾಲಿಗ್ರಾಮ ಮಾರುವವರು ಸಿಗುತ್ತಾರೆ. ಸಾಲಿಗ್ರಾಮವನ್ನು ಕ್ರಯಕ್ಕೆ ಕೊಳ್ಳಬಾರದೆಂಬ ಸಂಪ್ರದಾಯ ನಮ್ಮಲ್ಲಿದೆ, ನಾನೂ ಅದನ್ನೇ ಪಾಲಿಸಿದೆ. ಕೊಳ್ಳಲೇಬೇಕೆನ್ನುವವರು ನಾಲ್ಕಾರು ಕಲ್ಲುಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡಲಿ. ಸುರುಳಿ, ಏಣು ಎಲ್ಲವೂ ಒಂದೇ ಅಚ್ಚಿನಲ್ಲಿ ತೆಗೆದಂತಿದ್ದರೆ ಅವು ಕೃತಕವೆಂದೇ ತಿಳಿಯಬೇಕು. ಇಡೀ ಗುಂಡನ್ನು ಸುತ್ತಿಗೆಯಿಂದ ಒಡೆದು ತೋರಿಸುವುದಾಗಿ ಹೇಳಿದರೆ ಬೇಡವೆನ್ನಿ. ನಿಮಗೇ ಸಿಕ್ಕ ಕಲ್ಲನ್ನು ತರುವುದಿದ್ದರೂ ಸಂರಕ್ಷಣಾ ಪ್ರದೇಶದ ಕಚೇರಿಯಲ್ಲಿ ಕೇಳಿ, ಅನುಮತಿಯಿದ್ದರೆ ಮಾತ್ರ ತನ್ನಿ.

ಕಾಗಬೇನಿಯಿಂದ ಜೀಪು ರಾಣಿಪೌವಾದವರೆಗೆ ಹೋಗುತ್ತದೆ. ಅಲ್ಲಿಂದ ಮುಕ್ತಿನಾಥ ದೇವಸ್ಥಾನಕ್ಕೆ ಸುಮಾರು ಅರ್ಧ ಗಂಟೆ ಏರಬೇಕು, ನಡೆಯಲಾಗದವರಿಗೆ ಕುದುರೆಗಳಿವೆ. ಗುಡಿಯ ಹಿಂದೆ ಅರ್ಧವೃತ್ತಾಕಾರದಲ್ಲಿರುವ 108 ಧಾರೆಗಳ ನೀರು ಹಿಮದಷ್ಟೇ ತಣ್ಣಗಿರುವುದರಿಂದ ವಯಸ್ಸಾದವರು ಪ್ರೋಕ್ಷಣೆ ಮಾಡಿಕೊಂಡರೂ ಸಾಕು. ಬೌದ್ಧರಿಗೂ ಇದು ಪುಣ್ಯಕ್ಷೇತ್ರವಾದುದರಿಂದ ಇಲ್ಲಿ ಬೌದ್ಧ ಸನ್ಯಾಸಿನಿಯರ ಸೇವೆಯೂ ನಡೆಯುತ್ತದೆ. ಸಮೀಪದ ಜ್ವಾಲಾಮಾಯಿ ಗುಡಿಯಲ್ಲಿ ಭೂಮಿಯಿಂದ ಹೊರಡುವ ಅನಿಲ ನೀರಿನ ಪಕ್ಕದಲ್ಲೇ ಪುಟ್ಟ ನೀಲಿ ಜ್ವಾಲೆಯಾಗಿ ಉರಿಯುತ್ತದೆ. ಬಾಗಿ ನೋಡಿದರೆ ಮಾತ್ರ ಕಾಣುವುದರಿಂದ ಅನೇಕರು ಅದನ್ನು ಗಮನಿಸದೆ ಮುಂದೆ ಹೋಗುತ್ತಾರೆ.

ಮರಳುವ ದಾರಿಗೆ ಒಂದು ದಿನವನ್ನು ಹೆಚ್ಚಾಗಿ ಇಟ್ಟುಕೊಳ್ಳಲೇಬೇಕು. ಜೋಮ್‌ಸೋಮ್‌ನಿಂದ ನಮ್ಮ ವಿಮಾನ ಗಾಳಿಯ ಕಾರಣಕ್ಕೆ ರದ್ದಾಯಿತು, ಮರುದಿನದ ಚೀಟಿ ಸಿಗುವವರೆಗೆ ಕಾಯಬೇಕಾಯಿತು. ಸಿಕ್ಕ ಆ ದಿನದ ಬೆಳಿಗ್ಗೆ ನಾವು ಮತ್ತೆ ಕಾಗಬೇನಿಗೆ ಹೋಗಿ ಹೊಳೆಗೆ ಇಳಿದೆವು. ಹಿಂದೆ ಸಿಕ್ಕಿದ್ದ ಕಲ್ಲನ್ನು ಅಮ್ಮ ತುಳಸಿದಳದೊಡನೆ ನೀರಿನಂಚಿನಲ್ಲಿಟ್ಟು, ಮನೆಯಲ್ಲಿರುವುದೇ ಸಾಕೆಂದರು.